ಹಗೇವಿಗೆ ಇಳಿಬಿಟ್ಟ ದೀಪ: ದುಡಿಮೆಯ ನೆಲದಲ್ಲಿ ಅಪಾಯವನ್ನು ಮೊದಲೇ ಕಾಣುವ ಬಗೆ

(ಹಾನಗಲ್ಲ ತಾಲ್ಲೂಕಿನ ಆಡೂರಿನಲ್ಲಿ ರೈತರು, ಕೂಲಿಕಾರರು ಹಾಗೂ ವಿದ್ಯಾರ್ಥಿಗಳಿಗಾಗಿ ಸಿದ್ಧಪಡಿಸಿದ ಉಪನ್ಯಾಸದ ಪಠ್ಯ)



ಉತ್ತರ ಕರ್ನಾಟಕದ ಹಳ್ಳಿಗಳಲ್ಲಿ ಧಾನ್ಯವನ್ನು ನೆಲದೊಳಗಿನ ಹಗೇವಿನಲ್ಲಿ ಕೂಡಿಡುವ ರೂಢಿಯಿದ್ದುದನ್ನು ಇಲ್ಲಿನ ಹಿರಿಯರು ಬಲ್ಲರು. ಸುಗ್ಗಿ ಮುಗಿದ ಮೇಲೆ ಜೋಳವನ್ನು ಹಗೇವಿಗೆ ತುಂಬಿ, ಬಾಯಿಗೆ ಕಲ್ಲು ಮುಚ್ಚಿ, ಮಣ್ಣು ಮೆತ್ತಿಬಿಟ್ಟರೆ ಮಳೆಗಾಲ ಕಳೆದರೂ ಕಾಳು ಕೆಡುತ್ತಿರಲಿಲ್ಲ. ಆದರೆ ಹಗೇವಿನ ಬಾಯಿ ತೆರೆದ ಕೂಡಲೇ ತಿಳಿದವರು ಯಾರೂ ಒಳಗೆ ಇಳಿಯುತ್ತಿರಲಿಲ್ಲ. ಮೊದಲು ಗಾಳಿಯಾಡಲು ಬಿಡುತ್ತಿದ್ದರು. ಬಳಿಕ ಹಗ್ಗಕ್ಕೆ ದೀಪ ಕಟ್ಟಿ ಒಳಗೆ ಇಳಿಬಿಡುತ್ತಿದ್ದರು. ದೀಪ ಉರಿಯುತ್ತಿದ್ದರೆ ಇಳಿಯುವುದು, ನಂದಿದರೆ ಇನ್ನಷ್ಟು ಕಾಯುವುದು. ಇದು ಅಲ್ಲಿನ ಕಟ್ಟಳೆ.

ಇದರ ಹಿಂದಿನ ಕಾರಣವನ್ನು ವಿಜ್ಞಾನ ಹೀಗೆ ವಿವರಿಸುತ್ತದೆ. ಕೂಡಿಟ್ಟ ಕಾಳು ಜೀವಂತ ವಸ್ತು, ಅದೂ ಉಸಿರಾಡುತ್ತದೆ. ಮುಚ್ಚಿದ ಗುಂಡಿಯಲ್ಲಿ ಅದು ಆಮ್ಲಜನಕವನ್ನು ಹೀರಿಕೊಂಡು ಇಂಗಾಲದ ಡೈಆಕ್ಸೈಡನ್ನು ಹೊರಬಿಡುತ್ತದೆ. ಗಾಳಿಗಿಂತ ಭಾರವಾದ ಈ ಅನಿಲ ತಳದಲ್ಲಿ ನಿಲ್ಲುತ್ತದೆ. ಹೊರಗಿನ ಗಾಳಿಯಲ್ಲಿ ಆಮ್ಲಜನಕ ನೂರಕ್ಕೆ 21 ಪಾಲು ಇರುತ್ತದೆ. ಅದು ಸುಮಾರು 16 ಪಾಲಿಗೆ ಇಳಿಯುವ ಹೊತ್ತಿಗೆ ದೀಪ ನಂದುತ್ತದೆ. ಅಂತಹ ಗುಂಡಿಗೆ ಇಳಿದವನು ಕೂಗುವುದಕ್ಕೂ ಬಿಡುವಿಲ್ಲದೆ ಕುಸಿಯಬಹುದು. ಅವನನ್ನು ಎತ್ತಲು ಆತುರದಿಂದ ಇಳಿದ ಎರಡನೆಯವನೂ ಅಲ್ಲಿಯೇ ಬೀಳುತ್ತಾನೆ.

ಅಂದಿನ ಹಿರಿಯರಿಗೆ ಅನಿಲದ ಹೆಸರು ತಿಳಿದಿರಲಿಲ್ಲ. ಆದರೆ ಅಪಾಯವಿದೆಯೆಂಬುದನ್ನು ಮೊದಲೇ ಬಲ್ಲರು. ಅದನ್ನು ಪರೀಕ್ಷಿಸುವ ಉಪಾಯ ಅವರಲ್ಲಿತ್ತು. ಪರೀಕ್ಷೆ ಮುಗಿಯುವವರೆಗೆ ಯಾರನ್ನೂ ಇಳಿಸಬಾರದೆಂಬ ಕಟ್ಟಳೆಯನ್ನು ಎಲ್ಲರೂ ಪಾಲಿಸುತ್ತಿದ್ದರು. ದುಡಿಮೆಯ ಸ್ಥಳದ ಅಪಾಯಗಳ ಅಂದಾಜು ಮತ್ತು ನಿರ್ವಹಣೆ ಎಂದು ಇಂದು ದೊಡ್ಡ ಹೆಸರಿನಿಂದ ಕರೆಯುವ ವಿದ್ಯೆಯ ತಿರುಳು ಈ ಮೂರೇ ಸಂಗತಿ.

ಇಲ್ಲಿ ಒಂದು ಎಚ್ಚರಿಕೆ ಅವಶ್ಯ. ಹಗೇವಿಗೆ ಒಪ್ಪುವ ದೀಪ ಗೋಬರ್ ಗ್ಯಾಸಿನ ಗುಂಡಿಗೆ ಒಪ್ಪದು. ಅಲ್ಲಿರುವ ಮೀಥೇನ್ ಉರಿಯುವ ಅನಿಲವಾದ್ದರಿಂದ ಇಳಿಬಿಟ್ಟ ದೀಪವೇ ಅನಾಹುತಕ್ಕೆ ಕಾರಣವಾದೀತು. ಒಂದೊಂದು ಬಗೆಯ ದುಡಿಮೆಗೂ ಅದರದೇ ಪರೀಕ್ಷೆ, ಅದರದೇ ಕಟ್ಟಳೆ ಬೇಕು. ಕಳೆದ ಐವತ್ತು ಅರವತ್ತು ವರ್ಷಗಳಲ್ಲಿ ಹಳ್ಳಿಯ ದುಡಿಮೆಗೆ ಕೀಟನಾಶಕ ಬಂತು, ವಿದ್ಯುತ್ ಪಂಪು ಬಂತು, ಟ್ರ್ಯಾಕ್ಟರು ಮತ್ತು ರಾಶಿ ಯಂತ್ರ ಬಂದವು. ಅವುಗಳಿಗೆ ತಕ್ಕ ಕಟ್ಟಳೆಗಳು ಮಾತ್ರ ಅದೇ ವೇಗದಲ್ಲಿ ಬೆಳೆಯಲಿಲ್ಲ. ಆ ಕೊರತೆಯನ್ನು ಕೂಲಿಯವರ ಮೈ ತುಂಬಿಕೊಡುತ್ತಿದೆ.

ಹೊಲವೂ ಕಾರ್ಯಸ್ಥಳವೇ

ಕಾರ್ಮಿಕರ ಸುರಕ್ಷತೆ ಎಂದೊಡನೆ ಚಿಮಣಿಯುಳ್ಳ ಕಾರ್ಖಾನೆ ಕಣ್ಣಮುಂದೆ ನಿಲ್ಲುತ್ತದೆ. ಸ್ವತಂತ್ರ ಭಾರತದ ಮೊದಲ ದೊಡ್ಡ ಸುರಕ್ಷತಾ ಕಾನೂನು 1948ರ ಕಾರ್ಖಾನೆ ಕಾಯಿದೆ. 1984ರ ಡಿಸೆಂಬರಿನಲ್ಲಿ ಭೋಪಾಲದ ಕೀಟನಾಶಕ ಕಾರ್ಖಾನೆಯಿಂದ ವಿಷಾನಿಲ ಸೋರಿ ಸಾವಿರಾರು ಜನ ಸತ್ತ ಬಳಿಕ, 1987ರಲ್ಲಿ ಅದನ್ನು ತಿದ್ದಿ, ಅಪಾಯಕಾರಿ ಕಾರ್ಖಾನೆಗಳ ಕೆಲಸಗಾರರಿಗೆ ತಾವು ಮುಟ್ಟುವ ವಸ್ತುವಿನ ಅಪಾಯವನ್ನು ತಿಳಿಯುವ ಹಕ್ಕನ್ನು ಸೇರಿಸಲಾಯಿತು. ಈಗ ಆ ಕಾಯಿದೆ 2020ರ ಔದ್ಯೋಗಿಕ ಸುರಕ್ಷತೆ, ಆರೋಗ್ಯ ಮತ್ತು ಕೆಲಸದ ಸ್ಥಿತಿಗತಿಗಳ ಸಂಹಿತೆಯಲ್ಲಿ ಲೀನವಾಗಿದೆ. ಸಂಹಿತೆಯು 2025ರ ನವೆಂಬರ್ 21ರಂದು ಜಾರಿಗೆ ಬಂದಿತು. ಅದು ಸಾಮಾನ್ಯವಾಗಿ ಹತ್ತು ಅಥವಾ ಹೆಚ್ಚು ಕೆಲಸಗಾರರಿರುವ ಸಂಸ್ಥೆಗಳಿಗೆ ಅನ್ವಯಿಸುತ್ತದೆ.

ಹಾಗಾದರೆ ಐದು ಜನ ಹೆಣ್ಣುಮಕ್ಕಳು ಕಳೆ ತೆಗೆಯುವ ಹೊಲದ ಗತಿಯೇನು? ಬಾಡಿಗೆ ಪಂಪು ಹೊತ್ತು ಒಬ್ಬನೇ ಎಣ್ಣೆ ಹೊಡೆಯುವ ಆಳಿನ ಗತಿಯೇನು? ಅಲ್ಲಿಗೆ ಯಾವ ತಪಾಸಣಾಧಿಕಾರಿಯೂ ಬರುವುದಿಲ್ಲ. ಅಲ್ಲಿ ಆದ ಗಾಯ ಯಾವ ದಾಖಲೆಯಲ್ಲೂ ಸೇರುವುದಿಲ್ಲ. ಸತ್ತರೆ 'ಹಣೆಬರಹ' ಎಂದು ಮುಗಿಸಿಬಿಡುವುದು ವಾಡಿಕೆ. ಕಾನೂನಿನ ಕೈ ಮುಟ್ಟದ ಈ ನೆಲದಲ್ಲಿ ಹೊಣೆ ಇಲ್ಲದಂತಾಗುವುದಿಲ್ಲ. ಕೆಲಸ ಮಾಡಿಸುವವನ ಮೇಲೆ, ಊರಿನ ಮೇಲೆ ಅದು ಮತ್ತಷ್ಟು ಭಾರವಾಗಿ ಬೀಳುತ್ತದೆ.

ಐದು ಪ್ರಶ್ನೆಗಳು

ಅಪಾಯದ ಮೂಲ ಬೇರೆ, ಅಪಾಯದ ಸಂಭವ ಬೇರೆ. ಕೀಟನಾಶಕದ ಡಬ್ಬಿ ಅಪಾಯದ ಮೂಲ. ಅದು ಬೀಗ ಹಾಕಿದ ಪೆಟ್ಟಿಗೆಯಲ್ಲಿದ್ದರೆ ಹಾನಿಯ ಸಂಭವ ಅಲ್ಪ. ಅಡುಗೆಮನೆಯ ನಾಗಂದಿಗೆಯ ಮೇಲಿದ್ದರೆ ಸಂಭವ ಬಹಳ. ಆದ್ದರಿಂದ ಯಾವುದೇ ಕೆಲಸ ತೊಡಗುವ ಮುನ್ನ ಐದು ಪ್ರಶ್ನೆಗಳನ್ನು ಕೇಳಿಕೊಳ್ಳಬೇಕು. ಇಲ್ಲಿ ಹಾನಿ ಮಾಡಬಲ್ಲದ್ದು ಯಾವುದು? ಅದು ಯಾರಿಗೆ, ಹೇಗೆ ತಗಲುತ್ತದೆ? ತಗಲುವ ಸಂಭವ ಎಷ್ಟು, ತಗಲಿದರೆ ನಷ್ಟ ಎಷ್ಟು? ತಡೆಯಲು ಏನು ಮಾಡಬೇಕು, ಯಾರು ಮಾಡಬೇಕು? ಮಾಡಿದ್ದು ಫಲಿಸಿತೆ, ಹೊಸ ಅಪಾಯವೇನಾದರೂ ಹುಟ್ಟಿತೆ?

ನಾಲ್ಕನೆಯ ಪ್ರಶ್ನೆಗೆ ಉತ್ತರ ಹುಡುಕುವಲ್ಲಿ ಒಂದು ಕ್ರಮವಿದೆ. ಅದನ್ನು ತಲೆಕೆಳಗು ಮಾಡಬಾರದು. ಮೊದಲನೆಯದು, ಅಪಾಯವನ್ನೇ ಇಲ್ಲವಾಗಿಸುವುದು. ಆಗದಿದ್ದರೆ ಕಡಿಮೆ ಅಪಾಯದ್ದನ್ನು ಬದಲಿಗೆ ತರುವುದು. ಅದೂ ಆಗದಿದ್ದರೆ ಮನುಷ್ಯನಿಗೂ ಅಪಾಯಕ್ಕೂ ನಡುವೆ ಗಟ್ಟಿಯಾದ ತಡೆ ಒಡ್ಡುವುದು. ಬಳಿಕ ಕೆಲಸದ ವೇಳೆ, ಪದ್ಧತಿಗಳನ್ನು ಮಾರ್ಪಡಿಸುವುದು. ಕಟ್ಟಕಡೆಗೆ ಮೈಗೆ ರಕ್ಷಣೆಯ ಉಡುಪು ತೊಡಿಸುವುದು. ವ್ಯವಹಾರದಲ್ಲಿ ನಡೆಯುವುದು ಇದಕ್ಕೆ ವಿರುದ್ಧ. ಆಳಿನ ಕೈಗೆ ಒಂದು ಅರಿವೆ ಕೊಟ್ಟು 'ಮೂಗಿಗೆ ಕಟ್ಟಿಕೋ' ಎಂದರೆ ಯಜಮಾನನ ಕರ್ತವ್ಯ ಮುಗಿಯಿತೆಂಬ ಭಾವನೆ ಬೇರೂರಿದೆ.

ಎಣ್ಣೆ ಹೊಡೆಯುವ ಕೆಲಸ

ಹಾವೇರಿ ಜಿಲ್ಲೆಯಲ್ಲಿ ಗೋವಿನಜೋಳದ ಬೆಳೆ ವಿಸ್ತಾರವಾಗಿ ಹಬ್ಬಿದೆ. 2018ರಲ್ಲಿ ಫಾಲ್ ಸೈನಿಕ ಹುಳು ಭಾರತದಲ್ಲಿ ಮೊದಲು ಕಾಣಿಸಿಕೊಂಡದ್ದು ಕರ್ನಾಟಕದಲ್ಲಿಯೇ. ನೆರೆಯ ಶಿವಮೊಗ್ಗದ ಕೃಷಿ ವಿಜ್ಞಾನಿಗಳು ಅದನ್ನು ಗೋವಿನಜೋಳದ ಮೇಲೆ ಗುರುತಿಸಿದರು. ಅಂದಿನಿಂದ ಈ ಬೆಳೆಗೂ ಎಣ್ಣೆ ಹೊಡೆಯುವುದು ಹೆಚ್ಚಿತು. ಎದೆಯೆತ್ತರದ ಬೆಳೆಯ ನಡುವೆ ಸಿಂಪಡಿಸುತ್ತ ನಡೆಯುವವನ ಮುಖಕ್ಕೂ ತೋಳಿಗೂ ತೊಯ್ದ ಎಲೆಗಳು ಸವರುತ್ತಲೇ ಇರುತ್ತವೆ.

ಇದು ಎಷ್ಟು ದೂರ ಹೋಗಬಲ್ಲದೆಂಬುದನ್ನು ಮಹಾರಾಷ್ಟ್ರದ ಯವತ್ಮಾಳ ಜಿಲ್ಲೆ 2017ರಲ್ಲಿ ತೋರಿಸಿಕೊಟ್ಟಿತು. ಆ ವರ್ಷ ಹತ್ತಿಯ ಗಿಡಗಳು ಆಳೆತ್ತರ ಬೆಳೆದಿದ್ದವು. ಹುಳುವಿನ ಕಾಟಕ್ಕೆ ಬಗೆಬಗೆಯ ವಿಷಗಳನ್ನು ಬೆರಸಿ ಸಿಂಪಡಿಸಲಾಯಿತು. ಸೆಕೆಯಲ್ಲಿ ಅಂಗಿ ಕಳಚಿ ದುಡಿದ ಕೂಲಿಕಾರರು, ರೈತರು ನೂರಾರು ಸಂಖ್ಯೆಯಲ್ಲಿ ಆಸ್ಪತ್ರೆ ಸೇರಿದರು. 20ಕ್ಕೂ ಹೆಚ್ಚು ಜನ ಸತ್ತರು. ಅವರಾರೂ ವಿಷ ಕುಡಿದವರಲ್ಲ. ದಿನಗೂಲಿಗೆ ವಿಷ ಹೊತ್ತವರು.

ಸಿಂಪರಣೆಯಲ್ಲಿ ವಿಷ ಮೂಗಿನಿಂದ ಒಳಗೆ ಹೋಗುವುದಕ್ಕಿಂತ ಚರ್ಮದ ಮೂಲಕ ಇಳಿಯುವುದೇ ಹೆಚ್ಚು. ಡಬ್ಬಿಯ ಗಟ್ಟಿ ಎಣ್ಣೆಯನ್ನು ಬರಿಗೈಯಿಂದ ಕಲಸುವಾಗ, ಸೋರುವ ಪಂಪಿನಿಂದ ಬೆನ್ನು ತೊಯ್ದಾಗ, ಕಟ್ಟಿಕೊಂಡ ಮೂತಿಯನ್ನು ಬಾಯಿಂದ ಊದಿ ಬಿಡಿಸುವಾಗ ಅದು ಮೈಸೇರುತ್ತದೆ. ಹೀಗಿರುವಾಗ ಮೂಗಿಗೆ ಕಟ್ಟಿದ ಅರಿವೆ ಏನನ್ನೂ ತಡೆಯದು. ತೊಯ್ದ ಅರಿವೆ ವಿಷವನ್ನು ಮುಖಕ್ಕೆ ಒತ್ತಿ ಹಿಡಿಯುತ್ತದೆ.

'ಯಾರಿಗೆ' ಎಂಬ ಪ್ರಶ್ನೆಯನ್ನು ಇಲ್ಲಿ ನಿಧಾನವಾಗಿ ಕೇಳಬೇಕು. ಪಂಪು ಹೊತ್ತವನೊಬ್ಬನೇ ಅಲ್ಲ. ಅವನಿಗೆ ನೀರು ಹೊತ್ತು ತಂದು ಸುರಿಯುವ ಹೆಂಗಸು, ಮರುದಿನವೇ ಅದೇ ಹೊಲದಲ್ಲಿ ಕಳೆ ತೆಗೆಯುವವರು, ಸಂಜೆ ಆ ಬಟ್ಟೆಯನ್ನು ಮನೆಯ ಬಟ್ಟೆಗಳೊಂದಿಗೆ ಒಗೆಯುವ ತಾಯಿ, ಬದುವಿನ ಹುಲ್ಲು ಮೇಯುವ ದನ, ಹಳ್ಳದ ಮೀನು, ಹೂವಿಗೆ ಬರುವ ಜೇನು ಎಲ್ಲವೂ ಆ ಪಟ್ಟಿಯಲ್ಲಿ ಸೇರುತ್ತವೆ. ಬಸುರಿ, ಬಾಣಂತಿಯರಿಗೆ ಈ ಕೆಲಸ ಸಲ್ಲದು. ಮಕ್ಕಳಿಗಂತೂ ಸಲ್ಲಲೇ ಸಲ್ಲದು.

ಕ್ರಮವನ್ನು ಮೇಲಿನಿಂದ ಅನ್ವಯಿಸಿದರೆ ಮೊದಲ ಪ್ರಶ್ನೆ, 'ಈ ಸಿಂಪರಣೆ ಬೇಕೇ ಬೇಕೆ?' ಎಂಬುದು. ಹೊಲದಲ್ಲಿ ನಡೆದು, ಹುಳು ಬಿದ್ದ ಗಿಡಗಳನ್ನು ಎಣಿಸಿ, ತತ್ತಿಯ ಗುಂಪುಗಳನ್ನು ಕೈಯಿಂದ ತೆಗೆದು ಹೊಸಕಿದರೆ ಕೆಲವೊಮ್ಮೆ ಒಂದು ಸಿಂಪರಣೆಯೇ ಉಳಿಯುತ್ತದೆ. ಹೊಡೆಯಲೇಬೇಕಾದರೆ ಡಬ್ಬಿಯ ಮೇಲಿನ ಗುರುತನ್ನು ನೋಡಿ ಕಡಿಮೆ ವಿಷದ್ದನ್ನು ಆರಿಸಬೇಕು. 1968ರ ಕೀಟನಾಶಕ ಕಾಯಿದೆಯಡಿ ರೂಪುಗೊಂಡ 1971ರ ನಿಯಮಗಳಂತೆ ಪ್ರತಿ ಡಬ್ಬಿಯ ಮೇಲೂ ಬಣ್ಣದ ತ್ರಿಕೋನವಿರುತ್ತದೆ. ಕೆಂಪು ಅತ್ಯಂತ ಘೋರ ವಿಷ, ಹಳದಿ ಅದರ ಕೆಳಗಿನದು, ನೀಲಿ ಮಧ್ಯಮ, ಹಸಿರು ಅಲ್ಪ. ಓದು ಬಾರದವರೂ ಈ ನಾಲ್ಕು ಬಣ್ಣಗಳನ್ನು ಕಲಿಯಬಲ್ಲರು. ಈ ಬಣ್ಣ ಒಮ್ಮೆಗೇ ಕೊಲ್ಲುವ ಶಕ್ತಿಯನ್ನು ಮಾತ್ರ ಸೂಚಿಸುತ್ತದೆ. ವರ್ಷಾನುಗಟ್ಟಲೆ ಸ್ವಲ್ಪ ಸ್ವಲ್ಪವಾಗಿ ಸೇರುವುದರ ಕೇಡನ್ನು ಸೂಚಿಸುವುದಿಲ್ಲ. ಆದ್ದರಿಂದ ಹಸಿರು ಎಂದರೆ ನಿರಪಾಯವೆಂದಲ್ಲ.

ಬಳಿಕ ಸೋರದ ಪಂಪು, ಕಲಸಲು ಕೋಲು, ಅಳೆಯಲು ಪ್ರತ್ಯೇಕ ಪಾತ್ರೆ. ಬೆಳಗಿನ ತಂಪಿನಲ್ಲಿ, ಗಾಳಿಗೆ ಬೆನ್ನು ಕೊಟ್ಟು, ತೊಯ್ದ ಸಾಲಿನೊಳಗೆ ಕಾಲಿಡದಂತೆ ಹಿಂದೆ ಸರಿಯುತ್ತ ಹೊಡೆಯುವ ಪದ್ಧತಿ. ನಡುವೆ ಬೀಡಿ, ಎಲೆ ಅಡಿಕೆ, ಊಟ ಕೂಡದು. ಕೊನೆಯಲ್ಲಿ ಕೈಗವಸು, ತುಂಬುತೋಳಿನ ಅಂಗಿ, ಬೂಟು, ಕನ್ನಡಕ. ಇವುಗಳನ್ನು ಒದಗಿಸುವ ಖರ್ಚು ಕೆಲಸ ಮಾಡಿಸುವವನದು. ಆಳಿನ ಕೂಲಿಯಲ್ಲಿ ಮುರಿಯತಕ್ಕದ್ದಲ್ಲ.

ಬರಿದಾದ ಡಬ್ಬಿಯ ಬಗೆಗೂ ಒಂದು ಮಾತು. 2013ರ ಜುಲೈ 16ರಂದು ಬಿಹಾರದ ಛಪ್ರಾ ಬಳಿಯ ಹಳ್ಳಿಯೊಂದರ ಶಾಲೆಯಲ್ಲಿ ಬಿಸಿಯೂಟ ಉಂಡ 23 ಮಕ್ಕಳು ಸತ್ತರು. ಅಡುಗೆಯ ಎಣ್ಣೆಯಲ್ಲಿ ಮೊನೊಕ್ರೊಟೋಫಾಸ್ ಎಂಬ ಕೀಟನಾಶಕ ಸೇರಿತ್ತು. ಡಬ್ಬಿಯನ್ನು ಮೂರು ಸಲ ತೊಳೆದು, ಆ ನೀರನ್ನು ಪಂಪಿಗೇ ಸುರಿದು, ಡಬ್ಬಿಗೆ ತೂತು ಮಾಡಿ ಬಿಡಬೇಕು. ಮನೆಗೆ ಒಯ್ಯತಕ್ಕದ್ದಲ್ಲ; ಹಳ್ಳಕ್ಕೆ ಎಸೆಯತಕ್ಕದ್ದಲ್ಲ.

ಹೊಡೆಯುತ್ತಿರುವಾಗ ಬೆವರು, ಜೊಲ್ಲು, ವಾಂತಿ, ಕಣ್ಣು ಮಂಜಾಗುವುದು, ಸ್ನಾಯು ಅದಿರುವುದು ಕಂಡರೆ ಕೆಲಸ ನಿಲ್ಲಿಸಿ, ಬಟ್ಟೆ ಕಳಚಿ, ಸಾಬೂನು ಹಚ್ಚಿ ಮೈ ತೊಳೆದು, 108ಕ್ಕೆ ಕರೆಮಾಡಿ ಆಸ್ಪತ್ರೆಗೆ ಒಯ್ಯಬೇಕು. ಒತ್ತಾಯದಿಂದ ವಾಂತಿ ಮಾಡಿಸಬಾರದು. ಡಬ್ಬಿಯನ್ನೋ ಅದರ ಚೀಟಿಯನ್ನೋ ತಪ್ಪದೆ ಜೊತೆಗೆ ಒಯ್ಯಬೇಕು. ಯಾವ ವಿಷವೆಂದು ತಿಳಿದರೆ ವೈದ್ಯರಿಗೆ ಚಿಕಿತ್ಸೆ ಸುಲಭ.

ಕಣದಲ್ಲಿ ಯಂತ್ರ

ಟ್ರ್ಯಾಕ್ಟರಿನಿಂದ ರಾಶಿ ಯಂತ್ರಕ್ಕೆ ಶಕ್ತಿ ಒಯ್ಯುವ ದಂಡ ಸಾಮಾನ್ಯವಾಗಿ ನಿಮಿಷಕ್ಕೆ 540 ಸುತ್ತು ತಿರುಗುತ್ತದೆ. ಅಂದರೆ ಸೆಕೆಂಡಿಗೆ ಒಂಬತ್ತು ಸುತ್ತು. ಸೆರಗಿನ ತುದಿಯೋ ಧೋತರದ ಅಂಚೋ ಅದಕ್ಕೆ ಸಿಕ್ಕರೆ 'ಅಯ್ಯೋ' ಎನ್ನುವಷ್ಟರಲ್ಲಿ ಹತ್ತಾರು ಸುತ್ತು ಸುತ್ತಿಕೊಂಡಿರುತ್ತದೆ. ಇಲ್ಲಿ ಜಾಗರೂಕತೆಯೊಂದನ್ನೇ ನೆಚ್ಚುವುದು ತಪ್ಪು. ಮನುಷ್ಯನ ಕೈ ಹಿಂದೆ ಸರಿಯುವ ವೇಗಕ್ಕಿಂತ ಯಂತ್ರದ ವೇಗ ಹೆಚ್ಚು. ದಂಡದ ಮೇಲೆ ಕವಚವಿರಬೇಕು. ಬೆಲ್ಟಿಗೆ ಜಾಲರಿ ಇರಬೇಕು.

ಪಂಜಾಬ, ಹರಿಯಾಣ, ಉತ್ತರ ಪ್ರದೇಶಗಳಲ್ಲಿ ಗೋದಿಯ ಒಕ್ಕಣೆ ಯಂತ್ರಗಳು ಬಂದಾಗ ಅಸಂಖ್ಯ ಕೂಲಿಕಾರರು ಕೈ ಕಳೆದುಕೊಂಡರು. ಆ ಕೂಗಿನ ಫಲವಾಗಿ ಸಂಸತ್ತು 1983ರಲ್ಲಿ ಅಪಾಯಕಾರಿ ಯಂತ್ರಗಳ ನಿಯಂತ್ರಣ ಕಾಯಿದೆಯನ್ನು ಮಾಡಿತು. ಭಾರತೀಯ ಮಾನಕದ ಪ್ರಕಾರ ಸಿವುಡು ತುಂಬುವ ಬಾಯಿ ಕನಿಷ್ಠ 90 ಸೆಂಟಿಮೀಟರ್ ಉದ್ದವಿದ್ದು, ಅದರಲ್ಲಿ 45 ಸೆಂಟಿಮೀಟರ್ ಮೇಲಿನಿಂದ ಮುಚ್ಚಿರಬೇಕು. ಕಾರಣ ಸರಳ: ಅಷ್ಟು ಉದ್ದವಿದ್ದರೆ ನಿದ್ದೆಗಣ್ಣಿನಲ್ಲಿ ಚಾಚಿದ ತೋಳೂ ಒಳಗಿನ ಹಲ್ಲುಗಳನ್ನು ಮುಟ್ಟಲಾರದು. ಇಡೀ ರಾತ್ರಿ ರಾಶಿ ಮಾಡುವವರಿಗೆ ನಿದ್ದೆ ಬಂದೇ ಬರುತ್ತದೆ. ಒಳ್ಳೆಯ ತಡೆ ಮನುಷ್ಯನ ಆಯಾಸವನ್ನೂ ಲೆಕ್ಕಕ್ಕೆ ಹಿಡಿಯುತ್ತದೆ. ಯಂತ್ರವನ್ನು ಬಾಡಿಗೆಗೆ ತರುವ ದಿನ ಒಂದು ಅಳತೆಯ ಪಟ್ಟಿ ಹಿಡಿದು ಬಾಯಿಯನ್ನು ಅಳೆದು ನೋಡುವುದು ಶಾಲೆಯ ಹುಡುಗನಿಗೂ ಸಾಧ್ಯ.

ಒಂದು ಕೆಲಸದ ಪಕ್ಕದಲ್ಲಿ ಇನ್ನೊಂದು ಕೆಲಸ ನಡೆಯುವಾಗ ಹುಟ್ಟುವ ಅಪಾಯವನ್ನೂ ಮರೆಯಬಾರದು. 2023ರ ಆಗಸ್ಟಿನಲ್ಲಿ ಹಾವೇರಿ ಸಮೀಪದ ಆಲದಕಟ್ಟಿಯಲ್ಲಿ ಪಟಾಕಿ ದಾಸ್ತಾನಿನ ಕಟ್ಟಡಕ್ಕೆ ಬೆಂಕಿ ತಗಲಿ ಕಾರ್ಮಿಕರು ಸತ್ತರು. ಅಲ್ಲಿ ವೆಲ್ಡಿಂಗ್ ಕೆಲಸ ನಡೆದಿತ್ತೆಂದು ವರದಿಯಾಯಿತು. ವೆಲ್ಡಿಂಗ್ ಊರೂರಿನಲ್ಲೂ ನಡೆಯುವ ಕೆಲಸ. ಕಿಡಿ ಬೀಳುವ ಜಾಗದಲ್ಲಿ ಏನಿದೆ ಎಂಬ ಒಂದು ಪ್ರಶ್ನೆ ಕೆಲಸಕ್ಕೆ ಮುನ್ನ ಕೇಳಲ್ಪಟ್ಟರೆ ಸಾವು ನೋವು ತಪ್ಪುತ್ತವೆ. ಹೊಟ್ಟಿನ ಬಣವೆಯ ಪಕ್ಕದಲ್ಲಿ ಯಂತ್ರ ರಿಪೇರಿ ಮಾಡುವವರಿಗೂ ಈ ಪಾಠ ಅನ್ವಯಿಸುತ್ತದೆ.

ತೋಟದ ದೋಟಿ

ಹಾನಗಲ್ಲ ಸೀಮೆಯಲ್ಲಿಯೂ ಅಡಿಕೆ ತೋಟಗಳು ಹೆಚ್ಚುತ್ತಿವೆ. ಮಳೆಗಾಲದಲ್ಲಿ ಜಾರುವ ಮರವೇರಿ ಬೋರ್ಡೋ ದ್ರಾವಣ ಹೊಡೆಯುವುದು, ಸುಗ್ಗಿಯಲ್ಲಿ ಮರದಿಂದ ಮರಕ್ಕೆ ದಾಟಿ ಕೊನೆ ಇಳಿಸುವುದು ಮಲೆನಾಡಿನ ಅತ್ಯಂತ ಅಪಾಯದ ದುಡಿಮೆಗಳಲ್ಲಿ ಸೇರಿವೆ. ಬಿದ್ದ ಕೊನೆಗಾರ ಬದುಕಿದರೂ ಬೆನ್ನುಮೂಳೆ ಮುರಿದು ಹಾಸಿಗೆ ಹಿಡಿಯುವುದುಂಟು. ಈಚಿನ ವರ್ಷಗಳಲ್ಲಿ ಕಾರ್ಬನ್ ಫೈಬರಿನ ಉದ್ದನೆಯ ಹಗುರ ದೋಟಿಗಳು ಬಂದು, ನೆಲದ ಮೇಲೆ ನಿಂತೇ ಕೊನೆ ಕೊಯ್ಯಲು, ಔಷಧ ಹೊಡೆಯಲು ಸಾಧ್ಯವಾಗಿದೆ. ಮರ ಹತ್ತುವುದೇ ತಪ್ಪಿದ್ದರಿಂದ ಬೀಳುವ ಅಪಾಯವೇ ಇಲ್ಲವಾಯಿತು. ಕ್ರಮದ ಮೊದಲ ಮೆಟ್ಟಿಲಿಗೆ ಇದು ಉತ್ತಮ ನಿದರ್ಶನ.

ಆದರೆ ಐದನೆಯ ಪ್ರಶ್ನೆ ಇಲ್ಲಿಯೇ ಎಚ್ಚರಿಸುತ್ತದೆ. ಕಾರ್ಬನ್ ಫೈಬರ್ ವಿದ್ಯುತ್ತನ್ನು ಹರಿಸುತ್ತದೆ. ತೋಟದ ಮೇಲೆ ಹಾದುಹೋದ ತಂತಿಗೆ ದೋಟಿ ತಗಲಿದರೆ ನೆಲದ ಮೇಲೆ ನಿಂತವನಿಗೇ ಸಾವು. ಹಳೆಯ ಅಪಾಯ ಹೋಗಿ ಹೊಸದು ಬಂದಿತು. ದೋಟಿ ಎತ್ತುವ ಮುನ್ನ ತಲೆಯೆತ್ತಿ ತಂತಿ ನೋಡುವುದು, ತಂತಿಯ ಕೆಳಗಿನ ಸಾಲುಗಳಲ್ಲಿ ಲೈನು ತೆಗೆಸದೆ ದೋಟಿ ಎತ್ತದಿರುವುದು ಈ ಕೆಲಸದ 'ಹಗೇವಿನ ದೀಪ'ವಾಗಬೇಕು.

ಕಾಡಂಚಿನ ಕೆಲಸ

ಹಾನಗಲ್ಲಿಗೆ ಹೊಂದಿಕೊಂಡ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ 1957ರಲ್ಲಿ ಮಂಗಗಳು ಸಾಯತೊಡಗಿದವು. ಹಿಂದೆಯೇ ಜನರಿಗೂ ಜ್ವರ ಬಂತು. ಆ ಊರಿನ ಹೆಸರನ್ನೇ ಹೊತ್ತ ಕ್ಯಾಸನೂರು ಕಾಡಿನ ಕಾಯಿಲೆ, ಜನರ ಮಾತಿನಲ್ಲಿ ಮಂಗನ ಕಾಯಿಲೆ, ಸೋಂಕಿತ ಉಣುಗು ಕಚ್ಚುವುದರಿಂದ ಹರಡುತ್ತದೆ. ರೋಗ ತಗಲಿದ ನೂರು ಜನರಲ್ಲಿ ಮೂರರಿಂದ ಐವರು ಸಾಯುತ್ತಾರೆ. ಇದನ್ನು ಕಾಡಿನ ರೋಗವೆಂದು ಕರೆಯುವುದು ರೂಢಿ. ದರಕು ಗುಡಿಸುವವರು, ಸೌದೆ ತರುವವರು, ದನ ಮೇಯಿಸುವವರು, ತೋಟದ ಆಳುಗಳು, ಅರಣ್ಯ ಇಲಾಖೆಯ ದಿನಗೂಲಿಗಳೇ ಇದಕ್ಕೆ ಹೆಚ್ಚಾಗಿ ತುತ್ತಾಗುವುದರಿಂದ ಇದನ್ನು ದುಡಿಮೆಯ ರೋಗವೆಂದು ಕರೆದರೂ ತಪ್ಪಾಗದು.

ಹಲವು ದಶಕ ನೀಡಿದ ಲಸಿಕೆಯನ್ನು, ಅದರ ಶಕ್ತಿ ಸಾಲದೆಂದು ಕಂಡುಬಂದ ಮೇಲೆ, 2022ರಲ್ಲಿ ನಿಲ್ಲಿಸಲಾಯಿತು. ಲಸಿಕೆಯೊಂದನ್ನೇ ನೆಚ್ಚಿ ಉಳಿದ ಎಚ್ಚರಗಳನ್ನು ಬಿಟ್ಟಿದ್ದರೆ ಇಂದು ಕೈ ಬರಿದಾಗುತ್ತಿತ್ತು. ಡಿಸೆಂಬರಿನಿಂದ ಮೇ ತಿಂಗಳವರೆಗೆ ಉಣುಗಿನ ಮರಿಗಳ ಕಾಲ. ದರಕಿನ ಕಾಲವೂ ಅದೇ. ಮಂಗ ಸತ್ತ ಜಾಗಕ್ಕೆ ಹೋಗದಿರುವುದು, ಸತ್ತ ಮಂಗವನ್ನು ಮುಟ್ಟದೆ ಆರೋಗ್ಯ ಇಲಾಖೆಗೆ ತಿಳಿಸುವುದು, ಮಳೆ ಮುಗಿದೊಡನೆ ಮನೆಗೆ ಬೇಕಾದ ಸೌದೆ ದರಕನ್ನು ಕೂಡಿಸಿಕೊಳ್ಳುವುದು, ಮೈಗೆ ಡೆಪಾ ತೈಲ ಹಚ್ಚಿ ಮೈತುಂಬ ಬಟ್ಟೆ ತೊಡುವುದು, ಮನೆಗೆ ಮರಳಿದೊಡನೆ ಬಟ್ಟೆಯನ್ನು ಬಿಸಿನೀರಿಗೆ ಹಾಕಿ ಮಿಂದು ಉಣುಗು ಹುಡುಕುವುದು ಈಗಿರುವ ದಾರಿ. ಕಾಡಿಗೆ ಹೋಗಿ ಬಂದ ಹತ್ತು ದಿನಗಳಲ್ಲಿ ಜ್ವರ, ತಲೆನೋವು, ಮೈಕೈ ನೋವು ಬಂದರೆ ವೈದ್ಯರಿಗೆ 'ಕಾಡಿಗೆ ಹೋಗಿದ್ದೆ' ಎಂಬ ಮಾತನ್ನು ಮೊದಲು ಹೇಳಬೇಕು.

ರಾತ್ರಿಯ ಕರೆಂಟು

ಕೆಲವು ಅಪಾಯಗಳ ಮೂಲ ಹೊಲದೊಳಗೆ ಇರುವುದೇ ಇಲ್ಲ. ಪಂಪ್‌ಸೆಟ್ಟಿಗೆ ರಾತ್ರಿ ಕರೆಂಟು ಕೊಟ್ಟರೆ ರೈತ ರಾತ್ರಿಯೇ ನೀರು ಹಾಯಿಸಬೇಕು. ಕತ್ತಲಲ್ಲಿ ಹಾವು ತುಳಿಯುತ್ತಾನೆ. ಒದ್ದೆ ಕೈಯಲ್ಲಿ ಸ್ಟಾರ್ಟರ್ ಮುಟ್ಟುತ್ತಾನೆ. ಬ್ಯಾಟರಿ, ಬೂಟು, ಅರ್ಥಿಂಗ್ ಇವೆಲ್ಲ ಬೇಕು, ನಿಜ. ಆದರೆ ಅಪಾಯವನ್ನು ಬುಡದಲ್ಲಿ ಕೀಳುವ ಉಪಾಯ ಹಗಲು ಕರೆಂಟು. ಅದನ್ನು ಒಬ್ಬ ರೈತ ಪಡೆಯಲಾರ. ಊರು ಕೂಡಿ ಕೇಳಬೇಕು. 2024ರ ಫೆಬ್ರುವರಿಯಲ್ಲಿ ಕರ್ನಾಟಕ ಸರ್ಕಾರ ಹಾವು ಕಡಿತವನ್ನು ಕಡ್ಡಾಯವಾಗಿ ವರದಿ ಮಾಡಬೇಕಾದ ಪ್ರಕರಣವೆಂದು ಘೋಷಿಸಿತು. ಎಷ್ಟು ಜನರಿಗೆ, ಯಾವ ಹೊತ್ತಿನಲ್ಲಿ, ಏನು ಮಾಡುತ್ತಿದ್ದಾಗ ಕಡಿಯಿತೆಂಬ ಲೆಕ್ಕ ಸಿಕ್ಕರೆ ಹಗಲು ಕರೆಂಟಿನ ಬೇಡಿಕೆಗೆ ಅದಕ್ಕಿಂತ ದೊಡ್ಡ ಸಾಕ್ಷಿ ಬೇಕಿಲ್ಲ.

ಬರೆದಿಟ್ಟ ಲೆಕ್ಕದ ಬಲ

ಲೆಕ್ಕ ಬರೆದಿಡುವುದರ ಬೆಲೆಯನ್ನು ಕಾಸರಗೋಡಿನ ಕನ್ನಡ ಹಳ್ಳಿಗಳು ಬಲ್ಲವು. ಅಲ್ಲಿನ ಗೇರು ತೋಟಗಳ ಮೇಲೆ 1970ರ ದಶಕದ ಉತ್ತರಾರ್ಧದಿಂದ 2000ದವರೆಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸುರಿಸಲಾಯಿತು. ತೋಟದ ಒಳಗಿನ ಅಪಾಯ ಬೇಲಿಯಲ್ಲಿ ನಿಲ್ಲಲಿಲ್ಲ. ಸುರಂಗದ ನೀರಿಗೆ, ತೊಟ್ಟಿಲ ಮಗುವಿಗೆ ಹಬ್ಬಿತು. ಪತ್ರಕರ್ತ ಶ್ರೀ ಪಡ್ರೆ ಕರುಗಳ ಅಂಗವೈಕಲ್ಯದ ಬಗ್ಗೆ ಬಹಳ ಮೊದಲೇ ಬರೆದರು. ಎಣ್ಮಕಜೆಯ ವೈದ್ಯ ಡಾ. ಮೋಹನ್ ಕುಮಾರ್ ತಮ್ಮಲ್ಲಿಗೆ ಬರುವ ರೋಗಿಗಳಲ್ಲಿ ಅಸಹಜವಾದ ಕಾಯಿಲೆಗಳನ್ನು ಗುರುತಿಸಿ ದನಿಯೆತ್ತಿದರು. ಹಳ್ಳಿಯವರ ಕಣ್ಣಿಗೆ ಬಿದ್ದದ್ದು ಕಾಗದಕ್ಕೆ ಇಳಿದ ಮೇಲೆಯೇ ಅದು ಅಲ್ಲಗಳೆಯಲಾಗದ ಸಾಕ್ಷಿಯಾಯಿತು. 2011ರ ಮೇ 13ರಂದು ಸರ್ವೋಚ್ಚ ನ್ಯಾಯಾಲಯ ದೇಶದಾದ್ಯಂತ ಎಂಡೋಸಲ್ಫಾನಿಗೆ ತಡೆ ನೀಡಿತು. ಮೊದಲ ಸೂಚನೆಗೂ ಆ ತಡೆಗೂ ನಡುವೆ ಮೂವತ್ತು ವರ್ಷಗಳೇ ಕಳೆದಿದ್ದವು.

ದುಡಿಯುವವರ ಮೈಯಲ್ಲಿ ಮೊದಲು ಕಾಣಿಸಿಕೊಂಡ ಕೇಡು ಬಳಿಕ ನೀರಿನಲ್ಲಿ, ಮಣ್ಣಿನಲ್ಲಿ, ಮುಂದಿನ ತಲೆಮಾರಿನಲ್ಲಿ ಕಾಣಿಸಿಕೊಳ್ಳುತ್ತದೆ. ಆದ್ದರಿಂದ ಪರಿಸರದ ಕಾಳಜಿಯೂ ಕೂಲಿಕಾರರ ಸುರಕ್ಷತೆಯ ಕಾಳಜಿಯೂ ಎರಡಲ್ಲ.

ಊರು ಮಾಡಬಹುದಾದದ್ದು

ಇದಕ್ಕೆ ದೊಡ್ಡ ಹಣ ಬೇಕಿಲ್ಲ. ವಿದ್ಯಾರ್ಥಿಗಳು ಒಂದು ನಕ್ಷೆ ಬರೆಯಬಹುದು: ಜೋತುಬಿದ್ದ ತಂತಿ, ಕಟ್ಟೆಯಿಲ್ಲದ ಬಾವಿ, ಎಣ್ಣೆಯ ಡಬ್ಬಿ ಬೀಳುವ ಹಳ್ಳದ ತಿರುವು, ಮಂಗ ಸತ್ತ ಜಾಗ. ಒಂದು ವಹಿಯಲ್ಲಿ ದಿನಾಂಕ, ಕೆಲಸ, ಆದ ಗಾಯ, ಕಾರಣ ಎಂಬ ನಾಲ್ಕೇ ಅಂಕಣ ಹಾಕಿ ಬರೆದಿಡಬಹುದು. ಕೂದಲೆಳೆಯಲ್ಲಿ ತಪ್ಪಿದ ಅಪಘಾತಗಳನ್ನೂ ಅದರಲ್ಲಿ ಸೇರಿಸಬೇಕು. ಇಂದು ತಪ್ಪಿದ್ದು ನಾಳೆ ತಪ್ಪಲಾರದು. ಆ ವಹಿಯನ್ನು ಗ್ರಾಮಸಭೆಯಲ್ಲಿ ಓದಿ, ಯಾವುದನ್ನು ಯಾರು ಯಾವ ದಿನದೊಳಗೆ ಸರಿಪಡಿಸಬೇಕೆಂದು ಠರಾವು ಮಾಡಿಸಬೇಕು. ಮಹಿಳಾ ಸ್ವಸಹಾಯ ಸಂಘಗಳು ಒಂದೆರಡು ಜೊತೆ ರಕ್ಷಣಾ ಉಡುಪು, ಸೋರದ ಪಂಪು ಕೊಂಡು ಬಾಡಿಗೆಗೆ ಇಡಬಹುದು.

ಇವೆಲ್ಲಕ್ಕಿಂತ ಮುಖ್ಯವಾದ ಕಟ್ಟಳೆಯೊಂದಿದೆ. 'ಈ ಪಂಪು ಸೋರುತ್ತಿದೆ, ಇದನ್ನು ಹೊರುವುದಿಲ್ಲ' ಎಂದು ಆಳು ಹೇಳಿದರೆ ಅವನ ಅಂದಿನ ಕೂಲಿ ಹೋಗಬಾರದು. ನಾಳಿನ ಕೆಲಸವೂ ಹೋಗಬಾರದು. 'ಜಾಲರಿ ಹಾಕುವವರೆಗೆ ಸಿವುಡು ಕೊಡುವುದಿಲ್ಲ' ಎಂದ ಹೆಣ್ಣುಮಗಳನ್ನು ಮೈಗಳ್ಳಿ ಎಂದು ಹೀಯಾಳಿಸಬಾರದು. ಬೇಡವೆನ್ನುವ ಧೈರ್ಯ ಹೊಟ್ಟೆ ತುಂಬಿದವನಿಗೆ ಸುಲಭ. ಸಂಜೆಯ ಕೂಲಿಯಿಂದ ರೊಟ್ಟಿ ಬೇಯಬೇಕಾದ ಮನೆಗೆ ಸುಲಭವಲ್ಲ. ಆ ಧೈರ್ಯದ ಖರ್ಚನ್ನು ಊರು ಹೊರದೆ ಹೋದರೆ ಮೇಲೆ ಹೇಳಿದ ಐದು ಪ್ರಶ್ನೆಗಳೂ ಕಾಗದದ ಮೇಲೆ ಉಳಿಯುತ್ತವೆ.

ಹಗೇವಿನ ದೀಪ ನಂದಿದಾಗ ಹೊರಗೆ ನಿಂತ ಆಳನ್ನು ಯಾರೂ ಅಂಜುಬುರುಕನೆನ್ನಲಿಲ್ಲ. ಕಾಳು ಎಷ್ಟೇ ಅವಸರದ್ದಾಗಿದ್ದರೂ ಯಜಮಾನ ಕಾಯುತ್ತಿದ್ದ. ಅದೇ ತಾಳ್ಮೆ ಇಂದು ಹೊಲದಲ್ಲಿ, ಕಣದಲ್ಲಿ, ತೋಟದಲ್ಲಿ, ಕಾಡಂಚಿನಲ್ಲಿ ಮರಳಿ ಬರಬೇಕಾಗಿದೆ.